ನಗು ಮುಗಿಯುವವರೆಗೆ ಕಾದವಳು

ನಟರ ಏಜೆನ್ಸಿಯ ದಪ್ಪ ಪುಸ್ತಕದಲ್ಲಿ ಅವಳ ಫೋಟೊದ ಕೆಳಗೆ ಇಷ್ಟೇ ಬರೆದಿತ್ತು: ‘ಫುವೆನ್ಸಾಂತಾ ಲೂಕೆ. ಹಾಸ್ಯ. ಮನೆಗೆಲಸದವಳು, ಮೀನು ಮಾರುವವಳು, ಬಜಾರಿ ಅತ್ತೆ. ದಕ್ಷಿಣದ ಮಾತು.’ ನಾನು ಚಾರೊ, ಇಪ್ಪತ್ತಾರು ವರ್ಷ ಅವಳ ಮುಖಕ್ಕೆ ಬಣ್ಣ ಹಚ್ಚಿದವಳು. ಆ ಸಾಲು ಬರೆದವನು ಒಂದು ಸಲ ನನ್ನ ಕುರ್ಚಿಯಲ್ಲಿ ಬಂದು ಕೂತಿದ್ದರೆ ಅವನ ಮುಖಕ್ಕೆ ಮಸಿ ಬಳಿದು ಕಳಿಸುತ್ತಿದ್ದೆ. ಬರೆದದ್ದರಲ್ಲಿ ಸುಳ್ಳು ಒಂದೂ ಇಲ್ಲ. ಆದರೆ ಅಷ್ಟಕ್ಕೇ ಒಂದು ಹೆಣ್ಣಿನ ಲೆಕ್ಕ ಮುಗಿಸಿದರಲ್ಲ, ಅದೇ ನನ್ನ ಸಿಟ್ಟು.

ಅವಳು ಹುಟ್ಟಿದ್ದು ದಕ್ಷಿಣದ ಕೊರ್ದೊಬಾ ಸೀಮೆಯ ಬಾಯೆನಾದಲ್ಲಿ, ಆಲಿವ್ ಎಣ್ಣೆಯ ಗಾಣದಲ್ಲಿ ಕೂಲಿ ಮಾಡುತ್ತಿದ್ದವನ ನಾಲ್ಕನೇ ಮಗಳಾಗಿ. ಆ ಕಡೆಯವರು ಮಾತಿನ ಬಾಲ ನುಂಗಿ, ಉಳಿದದ್ದನ್ನು ಎಳೆದು ಬಿಡುತ್ತಾರೆ. ಮ್ಯಾಡ್ರಿಡ್‌ನವರಾದ ನಮಗೆ ಅದು ಕಿವಿಗೆ ಬಿದ್ದರೆ ಸಾಕು, ಅವರು ಜೋಕು ಹೇಳುವ ಮೊದಲೇ ನಗು. ನಾನೂ ನಕ್ಕಿದ್ದೇನೆ, ಸುಳ್ಳು ಯಾಕೆ ಹೇಳಲಿ.

ಹದಿನೇಳಕ್ಕೆ ರೈಲು ಹತ್ತಿ ಮ್ಯಾಡ್ರಿಡ್‌ಗೆ ಬಂದು ಸಾಲಮಂಕಾ ಬಡಾವಣೆಯ ಒಂದು ಶ್ರೀಮಂತರ ಮನೆಯಲ್ಲಿ ಕೆಲಸಕ್ಕೆ ಸೇರಿದಳು. ಆ ಮನೆಯ ಯಜಮಾನಿ ದೋನ್ಯಾ, ಅಂದರೆ ಅಮ್ಮಾವರು, ಎಲ್ವಿರಾಗೆ ಭಾನುವಾರ ಊಟಕ್ಕೆ ನೆಂಟರು ಬಂದರೆ ಒಂದು ಆಟವಿತ್ತು.

"ಫುವೆನ್, ಇವತ್ತು ಊಟಕ್ಕೆ ಏನು ಅಂತ ನಮ್ಮ ನೆಂಟರಿಗೆ ಹೇಳಮ್ಮ."

"ಕಡ್ಲಿಕಾಳಿನ ಸಾರೈತ್ರಿ, ಮೀನೈತ್ರಿ."

ಎಲ್ಲರೂ ನಗುವರು. "ಇನ್ನೊಂದ್ಸಲ ಹೇಳು, ಇವರಿಗೆ ಕೇಳಿಸ್ಲಿಲ್ಲ." ಮತ್ತೆ ಹೇಳಬೇಕು. ಮತ್ತೆ ನಗು. ಎರಡು ವರ್ಷ ಹೀಗೇ ನಡೆಯಿತು. ಒಂದು ಭಾನುವಾರ ಅವಳು ತಟ್ಟೆಯನ್ನು ಮೇಜಿನ ಮೇಲಿಟ್ಟು, ದೋನ್ಯಾ ಎಲ್ವಿರಾಳ ದನಿಯಲ್ಲೇ, ಒಂದಕ್ಷರ ಹೆಚ್ಚುಕಡಿಮೆ ಆಗದಂತೆ, ಅಡುಗೆಮನೆಯಲ್ಲಿ ಆಗತಾನೆ ಕೇಳಿಸಿಕೊಂಡಿದ್ದನ್ನು ಒಪ್ಪಿಸಿದಳು: "ನಿನ್ನೆ ಮೀನೇ ಬಿಸಿ ಮಾಡು. ನೆಂಟರಿಗೆ ಗೊತ್ತಾಗಲ್ಲ ಬಿಡು, ನಿಂಬೆಹಣ್ಣು ಜಾಸ್ತಿ ಹಿಂಡು."

ಫೋರ್ಕುಗಳು ಅಲ್ಲಲ್ಲೇ ನಿಂತವು. ಸಂಜೆಯೊಳಗೆ ಪೆಟ್ಟಿಗೆ ಸಮೇತ ಬೀದಿಯಲ್ಲಿದ್ದಳು. ಬಾಯಿದ್ದವನು ಬರದಲ್ಲೂ ಬದುಕಿದ ಅನ್ನುತ್ತಾರೆ. ಲಾವಾಪಿಯೆಸ್ ಕೇರಿಯ ಒಂದು ಅಗ್ಗದ ನಾಟಕದ ಕಂಪನಿಗೆ ಹೋಗಿ ಇದೇ ಪ್ರಸಂಗವನ್ನು ಮಾಡಿ ತೋರಿಸಿದಳು. ಮಾಲೀಕ ಹೊಟ್ಟೆ ಹಿಡಿದುಕೊಂಡು ನಕ್ಕು, ಅವಳಿಗೆ ಏಪ್ರನ್ ಕಟ್ಟಿಸಿ, ಮನೆಗೆಲಸದವಳ ಪಾತ್ರ ಕೊಟ್ಟ.

ಅಲ್ಲಿಂದ ಟಿವಿಗೆ ಬಂದಳು. ಟಿವಿಯಲ್ಲೂ ಅದೇ ಏಪ್ರನ್. ‘ಡಾಕ್ಟರ ಮನೆ ಊಟ’ ಅನ್ನುವ ಹಾಸ್ಯ ಧಾರಾವಾಹಿಯಲ್ಲಿ ರೆಮೆ ಅನ್ನುವ ಕೆಲಸದವಳಾಗಿ ಹನ್ನೊಂದು ವರ್ಷ ಇದ್ದಳು. ಮನೆಯವರ ಗುಟ್ಟನ್ನೆಲ್ಲ ಊರಿಗೆ ಹೇಳಿ, ಕೊನೆಗೆ "ನಾ ಏನೂ ಅಂದಿಲ್ರಿ" ಅನ್ನುತ್ತಿದ್ದಳು ರೆಮೆ. ಆ ಮಾತನ್ನು ಇಡೀ ದೇಶ ಆಡಿತು. ಮಾರುಕಟ್ಟೆಗೆ ಹೋದರೆ ಮಾಂಸದಂಗಡಿಯವನಿಂದ ಹಿಡಿದು ಪಾದ್ರಿಯವರೆಗೆ ಅವಳನ್ನು ನಿಲ್ಲಿಸಿ, ಒಂದ್ಸಲ ಹೇಳಿ ಅನ್ನುವವರೇ. ಅವಳಿಗೆ ಅದರಲ್ಲಿ ನಾಚಿಕೆಯಿರಲಿಲ್ಲ. ನಗಿಸುವುದು ಹಗುರವಾದ ಕೆಲಸ ಅಂದವರ ಚಳಿ ಬಿಡಿಸಿ ಕಳಿಸುತ್ತಿದ್ದಳು.

"ಅಳಸೂದೇನು, ಈರುಳ್ಳಿನೂ ಅಳಸತೈತಿ," ಅನ್ನುತ್ತಿದ್ದಳು. "ನಗಿಸೋ ಈರುಳ್ಳಿ ಒಂದು ತಂದು ತೋರಸು ನೋಡೂಣು."

ಆ ಧಾರಾವಾಹಿಯ ಚಿತ್ರೀಕರಣ ನಡೆಯುತ್ತಿದ್ದುದು ಜನರನ್ನು ಎದುರಿಗೆ ಕೂರಿಸಿಕೊಂಡು. ಹಾಗಾಗಿ ನಟರು ನಗುವಿಗೆ ಕಾಯುವುದನ್ನು ಕಲಿಯಬೇಕು. ನಗು ಏರುವಾಗ ಬಾಯಿ ತೆರೆದರೆ ಮುಂದಿನ ಸಾಲು ಯಾರಿಗೂ ಕೇಳುವುದಿಲ್ಲ. ಕಾಯುವುದೆಂದರೆ ಸುಮ್ಮನೆ ನಿಲ್ಲುವುದೂ ಅಲ್ಲ, ಪಾತ್ರವಾಗಿಯೇ ನಿಂತಿರಬೇಕು. ಫುವೆನ್ಸಾಂತಾ ಒಂದು ಹುಬ್ಬನ್ನೂ ಅಲ್ಲಾಡಿಸದೆ ಅರ್ಧ ನಿಮಿಷ ನಿಂತದ್ದನ್ನು ನಾನು ನೋಡಿದ್ದೇನೆ.

ಅವಳಿಗೆ ಐವತ್ತೊಂದಾದಾಗ ‘ಡಾಕ್ಟರ ಮನೆ ಊಟ’ ಮುಗಿಯಿತು. ಅದಾದ ಮೇಲೆ ಒಂದು ದಿನ, ಮಧ್ಯಾಹ್ನದ ಊಟದ ಹೊತ್ತಿಗೆ ಬರುವ ಹೊಸ ಧಾರಾವಾಹಿಗೆ ಕರೆ ಬಂತು. ನಗುವಿನದಲ್ಲ, ಗಂಭೀರವಾದದ್ದು. ಕಟ್ಟಡದ ಸಾರುವೆಯಿಂದ ಬಿದ್ದು ಸತ್ತ ಹುಡುಗನೊಬ್ಬನ ತಾಯಿ ಬಿಲ್ಡರನ ಮೇಲೆ ಕೇಸು ಹಾಕುವ ಕತೆ. ತಾಯಿಯೇ ಅವಳು. ಮೂವತ್ತು ವರ್ಷದಲ್ಲಿ ಮೊದಲ ಸಲ ಅವಳಿಗೆ ಏಪ್ರನ್ ಇಲ್ಲದ ಪಾತ್ರ ಸಿಕ್ಕಿತ್ತು. 

ನಿರ್ಮಾಪಕ ಇನ್ಯಿಗೊ ಜಾಹೀರಾತು ಮಾಡುತ್ತಿದ್ದವನು, ಮೂವತ್ತನಾಲ್ಕರ ಹುಡುಗ. ಮೊದಲ ದಿನ ಅವನು ಸೆಟ್ಟಿಗೆ ಬಂದದ್ದು ಹಳದಿ ಟೈ ಕಟ್ಟಿಕೊಂಡು. ನಮ್ಮಲ್ಲಿ ನಟರಿರುವ ಕಡೆ ಹಳದಿ ತೊಟ್ಟು ಬರುವುದೆಂದರೆ ಮನೆಯೊಳಗೆ ಶನಿಯನ್ನು ಕೈಹಿಡಿದು ಕರೆತಂದ ಹಾಗೆ. ದೀಪದವರು ದೀಪ ಹಚ್ಚಲಿಲ್ಲ. ನ್ಯಾಯಾಧೀಶನ ಪಾತ್ರದ ಮುದುಕ ಕೋಣೆಯಿಂದ ಆಚೆಗೇ ಬರಲಿಲ್ಲ. ಇನ್ಯಿಗೊಗೆ ತಲೆಬುಡ ತಿಳಿಯಲಿಲ್ಲ. ಕೊನೆಗೆ ಫುವೆನ್ಸಾಂತಾ ಅವನ ಹತ್ತಿರ ಹೋಗಿ ತಾನೇ ಟೈ ಬಿಚ್ಚಿ, ಮಡಚಿ, ಅವನ ಜೇಬಿಗಲ್ಲ, ಕಸದ ಬುಟ್ಟಿಗೆ ಹಾಕಿದಳು.

"ಈಗ ಬೆಳಕು ಬರತೈತಿ ನೋಡು, ತಮ್ಮಾ," ಅಂದಳು. ಬಂತು.

ಅವತ್ತು ಅವನು ನಕ್ಕು ಸುಮ್ಮನಾದ. ಆದರೆ ಅವಳು ಬಾಯಿ ಬಿಟ್ಟು ಮೊದಲ ಸಾಲು ಹೇಳಿದಾಗ ಅವನ ಮುಖ ಸಣ್ಣಗಾಯಿತು. ಸ್ಕ್ರಿಪ್ಟಿನಲ್ಲಿ ಆ ತಾಯಿ ವಾಯದೊಲಿದ್‌ನವಳು. ನಮ್ಮಲ್ಲಿ ಶುದ್ಧ ಮಾತು ಅಂದರೆ ವಾಯದೊಲಿದ್. ಹೊರದೇಶದ ಸಿನಿಮಾವನ್ನೆಲ್ಲ ಡಬ್ ಮಾಡಿಯೇ ತೋರಿಸುವ ದೇಶ ಇದು. ಅಮೆರಿಕದ ದನ ಕಾಯುವವನೂ ನಮ್ಮ ಟಿವಿಯಲ್ಲಿ ವಾಯದೊಲಿದ್‌ನ ಮೇಷ್ಟ್ರ ಹಾಗೆ ಮಾತಾಡುತ್ತಾನೆ. ಇನ್ಯಿಗೊ ಅವಳ ಹೆಸರು ನೋಡಿ ಕರೆದಿದ್ದ, ಕ್ಯಾಮೆರಾ ಮುಂದೆ ಬಂದಾಗ ಮಾತು ತಾನಾಗಿಯೇ ಶುದ್ಧವಾಗುತ್ತದೆ ಅಂದುಕೊಂಡಿದ್ದ.

"ದೋನ್ಯಾ ಫುವೆನ್ಸಾಂತಾ, ಇದು ಗಂಭೀರ ಪಾತ್ರ," ಅಂದ. "ಸ್ವಲ್ಪ ಸರಿಯಾಗಿ ಮಾತಾಡಿದ್ರೆ..."

"ಸಾರುವಿಯಿಂದ ಬಿದ್ದು ಸಾಯೋರು ಯಾ ಊರವ್ರು ಅಂತ ಗೊತ್ತೇನು ನಿಂಗ?" ಅಂದಳು ಅವಳು. "ಹೋಗಿ ಯಾವದರ ಕಟ್ಟಡದ ಮುಂದ ನಿಂದರು. ಅರ್ಧ ಮಂದಿ ನಮ್ಮ ಕಡಿಯವ್ರು. ಅವ್ರಿಗೂ ಅವ್ವಂದಿರು ಇರತಾರ. ಆ ಅವ್ವಂದಿರು ಅಳೂ ಮುಂದ ವಾಯದೊಲಿದ್‌ಗೆ ಹೋಗಿ ಮಾತು ಕಲ್ತು ಬರಬೇಕೇನು?"

ನಿರ್ದೇಶಕ ಒಂದೇ ಹೊತ್ತಿಗೆ ಎರಡು ಧಾರಾವಾಹಿ ಮಾಡುತ್ತಿದ್ದ. ಅವನಿಗೆ ಬೇಗ ಮುಗಿದರೆ ಸಾಕಾಗಿತ್ತು, ಇರಲಿ ಬಿಡಿ ಅಂದ. ಹಾಗೆ ಅವಳ ಮಾತಿನಲ್ಲೇ ಕೋರ್ಟಿನ ದೃಶ್ಯದ ಚಿತ್ರೀಕರಣ ಆಯಿತು. ನಾನು ಪಕ್ಕದಲ್ಲೇ ಪೌಡರಿನ ಡಬ್ಬಿ ಹಿಡಿದು ನಿಂತಿದ್ದೆ. ಕೊನೆಯಲ್ಲಿ ಅವಳ ಮುಖಕ್ಕೆ ಪೌಡರು ಹಚ್ಚುವುದನ್ನೇ ಮರೆತೆ.

ಮೂರು ವಾರ ಕಳೆದ ಮೇಲೆ ಚಾನೆಲ್ಲಿನವರು ಇಪ್ಪತ್ತೈದು ಜನ ಸಾಮಾನ್ಯರನ್ನು ಕರೆಸಿ, ಆಮ್ಲೆಟ್ ಹಾಕಿದ ಬ್ರೆಡ್ಡು ಕೊಟ್ಟು, ಮೊದಲ ಕಂತು ತೋರಿಸಿದರು. ಜನರಿಗೆ ಹಿಡಿಸುತ್ತದೋ ಇಲ್ಲವೋ ನೋಡುವ ಪದ್ಧತಿ ಅದು. ಕೋರ್ಟಿನ ದೃಶ್ಯ ಬಂತು. ಫುವೆನ್ಸಾಂತಾ ಬಾಯಿ ತೆರೆದಳು. ಇಡೀ ಕೋಣೆ ನಕ್ಕಿತು. ಕೊನೆಯವರೆಗೂ ನಕ್ಕಿತು. ‘ಪಾಪ, ರೆಮೆಯ ಮಗ ಸತ್ತನಂತೆ’ ಎಂದು ಒಬ್ಬ ಅಭಿಪ್ರಾಯದ ಹಾಳೆಯಲ್ಲಿ ಬರೆದುಕೊಟ್ಟಿದ್ದ.

ಮರುದಿನ ಬೆಳಿಗ್ಗೆ ನಾನು ಅವಳ ಕೂದಲಿಗೆ ಸುರುಳಿ ಹಾಕುತ್ತಿದ್ದಾಗ ಇನ್ಯಿಗೊ ಒಳಗೆ ಬಂದ. ಕನ್ನಡಿಯಲ್ಲೇ ಅವಳ ಜೊತೆ ಮಾತಾಡಿದ, ಎದುರಿಗೆ ಬರಲಿಲ್ಲ.

"ಮುಖ ನಿಮ್ಮದೇ ಇರುತ್ತೆ ದೋನ್ಯಾ ಫುವೆನ್ಸಾಂತಾ. ಅಭಿನಯ ಅದ್ಭುತ. ದನಿ ಮಾತ್ರ ಬೇರೆಯವರ ಹತ್ರ ಹಾಕಿಸ್ತೀವಿ. ಶುಕ್ರವಾರ ಡಬ್ಬಿಂಗ್ ಕೋಣೆ ಹಿಡಿದಾಗಿದೆ."

"ಗೋಡಿಗೆ ಸುಣ್ಣ ಬಡದಂಗ ಹೇಳ್ತಿಯಲ್ಲೋ," ಅಂದಳು. "ನನ್ನ ದನಿ ತಗದ್ರ ಮುಖಾನೂ ತಗಿ."

"ತೆಗೆಯಕ್ಕೂ ಆಗುತ್ತೆ. ಎರಡನೇ ಕಂತಿನಲ್ಲಿ ಆ ತಾಯಿ ಅರ್ಜೆಂಟೀನಾದ ತಂಗಿ ಮನೆಗೆ ಹೋದ್ಳು ಅಂತ ಬರೆದ್ರೆ ಮುಗೀತು. ಸಾಕ್ಷಿ ಹೇಳಕ್ಕೆ ಅವಳ ಸೊಸೆ ಇದ್ದಾಳೆ."

ಅದು ಬರಿಯ ಬೆದರಿಕೆಯಲ್ಲ. ನಮ್ಮ ಧಾರಾವಾಹಿಗಳಲ್ಲಿ ಬೇಡವಾದವರೆಲ್ಲ ಅರ್ಜೆಂಟೀನಾಕ್ಕೇ ಹೋಗುವುದು, ವಾಪಸ್ಸು ಬಂದವರಿಲ್ಲ. ಅವನು ಹೋದ ಮೇಲೆ ನಾನು ಅವಳ ಹೆಗಲು ಹಿಡಿದುಕೊಂಡೆ.

"ಫುವೆನ್, ಒಂದೇ ಒಂದು ಪಾತ್ರಕ್ಕೆ ಅವರ ಮಾತು ಆಡಿಬಿಡೆ," ಅಂದೆ. "ನೀನೇ ಹೋಗಿ ನೀನೇ ಡಬ್ ಮಾಡು. ನಿಂಗೆ ಬರುತ್ತಲ್ಲ. ಆ ಎಲ್ವಿರಾ ದನಿ ನಮಗೆಲ್ಲ ಎಷ್ಟು ಸಲ ಮಾಡಿ ತೋರಿಸಿದ್ದೀಯ."

"ಬರತೈತಿ, ಚಾರೊ. ಬರಲಾರದಕ್ಕ ಆಡಾಕತ್ತಿಲ್ಲ ಅಂತ ತಿಳಕೊಂಡಿ ಏನು?" ಅವಳ ಕಣ್ಣು ಕೆಂಪಗಿತ್ತು. "ಮೂವತ್ತು ವರ್ಷ ಈ ದನಿ ಮಾರಿ ಹೊಟ್ಟಿ ಹೊರಕೊಂಡೀನಿ. ನಗೂ ಮುಂದ ಬೇಕಾತು. ಒಂದು ಕೂಸು ಸತ್ರ ಬ್ಯಾಡಾತು. ಹಂಗಾರ ನಮ್ಮ ಮಂದಿ ಸತ್ರೂ ಜೋಕ ಏನು?"

 ಅವಳು ತಲೆಯಲ್ಲಿ ಸುರುಳಿಗಳನ್ನಿಟ್ಟುಕೊಂಡೇ ಎದ್ದು ಹೊರಟಳು. ನಾನೂ ಬಾಚಣಿಗೆ ಹಿಡಿದುಕೊಂಡು ಹಿಂದೆ ಹೋದೆ. ನೆಟ್ಟಗೆ ಹೋಗಿದ್ದು ಎಡಿಟಿಂಗ್ ಕೋಣೆಗೆ. ಅಲ್ಲಿ ಮಾರ್ಗಾ ಅಂತ ಒಬ್ಬ ಒಳ್ಳೆಯ ಹುಡುಗಿ, ಬಿಸ್ಕತ್ತು ತಿನ್ನುತ್ತ ಕೆಲಸ ಮಾಡುವವಳು.

"ಮಗಳ, ನಿನ್ನೆ ಮಂದಿಗೆ ತೋರಿಸಿದ್ದು ನಂಗೂ ತೋರಸು."

ಮಾರ್ಗಾ ಹಾಕಿದಳು. ಪರದೆಯ ಮೇಲೆ ನ್ಯಾಯಾಧೀಶ ಕೇಳುತ್ತಾನೆ, ನಿಮ್ಮ ಮಗ ಏನು ಕೆಲಸ ಮಾಡುತ್ತಿದ್ದ? ಅವಳು, "ಸಾರುವಿ ಕಟ್ಟತಿದ್ದ್ರಿ" ಅನ್ನುತ್ತಾಳೆ. ತಕ್ಷಣವೇ ಮುಂದಿನ ಸಾಲು, ಅದರ ಬೆನ್ನಿಗೇ ಇನ್ನೊಂದು. ನೋಡುತ್ತಿದ್ದ ಹಾಗೆ ಫುವೆನ್ಸಾಂತಾ ಮುಂದಕ್ಕೆ ಬಾಗಿದಳು.

"ನಾ ನಿಂತದ್ದು ಎಲ್ಲಿ ಹೋತು?"

"ಯಾವುದು?"

"‘ಕಟ್ಟತಿದ್ದ್ರಿ’ ಅಂದು ನಾ ಸುಮ್ಮನ ನಿಂತೀನಿ. ಭಾಳ ಹೊತ್ತು ನಿಂತೀನಿ."

ಮಾರ್ಗಾ ಬಿಸ್ಕತ್ತು ಕೆಳಗಿಟ್ಟಳು. "ಅಯ್ಯೋ, ಅದಾ. ಹನ್ನೊಂದು ಸೆಕೆಂಡಿತ್ತು, ಕತ್ತರಿಸಿದೆ. ನೀವು ಹಾಸ್ಯದಿಂದ ಬಂದವರಲ್ವಾ, ಹಳೇ ಅಭ್ಯಾಸಕ್ಕೆ ನಗುವಿಗೆ ಕಾಯ್ತಿದ್ದೀರ ಅಂದ್ಕೊಂಡೆ. ಇಲ್ಲಿ ಎದುರಿಗೆ ಜನ ಇಲ್ವಲ್ಲ, ಸುಮ್ನೆ ಖಾಲಿ ಕಾಣಿಸ್ತಿತ್ತು. ನಿಮ್ಮ ಮಾನ ಉಳಿಸೋಣ ಅಂತಲೇ ತೆಗೆದೆ ಕಣ್ರೀ."

"ನಗೂಗ ಕಾದದ್ದು ಖರೇ," ಅಂದಳು ಫುವೆನ್ಸಾಂತಾ. "ಮಂದಿ ಇಲ್ಲಂತ ಯಾರಂದ್ರು? ಮನ್ಯಾಗ ಉಣ್ಣಕೋತ ಕುಂತಿರತಾರ. ನಾ ಬಾಯಿ ತಗದ್ರ ಅವ್ರು ನಗತಾರ ಅಂತ ನಂಗ ಗೊತ್ತಿಲ್ಲೇನು? ಈ ದೇಶದಾಗ ಅದು ನಂಗಿಂತ ಚಲೋ ಯಾರಿಗೆ ಗೊತ್ತೈತಿ? ನಗಲಿ. ಅವ್ರು ನಕ್ಕು ಮುಗಸೂ ತನಕ ಅವ್ರನ್ನ ನೋಡಕೋತ ನಿಂತೀನಿ. ಅದನ್ನ ಕತ್ತರಿಸಿ ನೀ ನನ್ನ ಮಾತಿನ ಮ್ಯಾಲ ಅವ್ರ ನಗೂನ ಕುಂದರಿಸಿದಿ ಮಗಳ."

 ಮಾರ್ಗಾ ಕತ್ತರಿಸಿ ಇಟ್ಟಿದ್ದ ತುಂಡುಗಳನ್ನು ಹುಡುಕತೊಡಗಿದಳು. ಆ ಒಂದು ದೃಶ್ಯದಲ್ಲೇ ಅಂಥವು ಮೂರು ಸಿಕ್ಕವು.

ಫುವೆನ್ಸಾಂತಾ ಇನ್ಯಿಗೊನ ಕೋಣೆಗೆ ಹೋಗಿ ಮೇಜಿನ ಮುಂದೆ ನಿಂತಳು. "ಮಾರ್ಗಾ ಕತ್ತರಿಸಿದ್ದು ತಿರುಗಿ ಹಾಕ್ಯಾಳ. ಶುಕ್ರವಾರದೊಳಗ ಇನ್ನೊಮ್ಮೆ ಮಂದೀನ ಕರಿಸು. ಹೊಸಾ ಮಂದಿ. ಮತ್ತ ಕೊನೀತನಕ ನಕ್ರ, ಡಬ್ಬಿಂಗ್ ಮಾಡೂ ಹೆಣ್ಮಗಳಿಗೆ ನಾನ ಕುರ್ಚಿ ಹಾಕಿ ಕುಂದ್ರಸ್ತೇನಿ. ಆಮ್ಯಾಲ ನನ್ನ ಮುಖಾ ಈ ಕಡೆ ಕಾಣಸಂಗಿಲ್ಲ."

"ಸೋತರೆ ನಿಮ್ಮ ದನಿಗೆ ಇನ್ನು ಯಾರೂ ಗಂಭೀರ ಪಾತ್ರ ಕೊಡಲ್ಲ, ಗೊತ್ತಲ್ಲ?" ಅಂದ ಅವನು. ಅದನ್ನು ಅವನು ಕೆಟ್ಟ ಮನಸ್ಸಿನಿಂದ ಹೇಳಲಿಲ್ಲ ಅಂತ ಈಗ ಅನಿಸುತ್ತದೆ. ಅವತ್ತು ನನಗೆ ಅವನ ಕಿವಿ ಹಿಂಡಬೇಕು ಅನಿಸಿತ್ತು.

"ಈ ತನಕ ಯಾರು ಕೊಟ್ಟಾರ?" ಅಂದು ಅವಳು ಹೊರಗೆ ಬಂದಳು.

ಗುರುವಾರ ಹನ್ನೊಂದು ಗಂಟೆಗೆ ಹೊಸ ಜನ ಬಂದರು. ನಾನೂ ಅವಳೂ ಹಿಂದಿನ ಗೋಡೆಗೆ ಒರಗಿ ಕತ್ತಲಲ್ಲಿ ನಿಂತೆವು. ಇನ್ಯಿಗೊ ಬಾಗಿಲ ಹತ್ತಿರ ಕೈಕಟ್ಟಿ ನಿಂತಿದ್ದ. ಮುಂದಿನ ಸಾಲಿನಲ್ಲಿ ವಾಯೆಕಾಸ್ ಬಡಾವಣೆಯಿಂದ ಬಂದ ಒಬ್ಬ ದಪ್ಪ ಹೆಂಗಸು ಕೂತಿದ್ದಳು, ಅರವತ್ತರ ಹತ್ತಿರ, ತೊಡೆಯ ಮೇಲೆ ಕೈಚೀಲ. ಬಾಗಿಲಲ್ಲಿ ಹೆಸರು ಬರೆಸುವಾಗ ಅಚ್ಚ ಮ್ಯಾಡ್ರಿಡ್ ಮಾತಿನಲ್ಲಿ, ಬೇಗ ಬಿಡ್ತೀರ ತಾನೆ, ಮನೇಲಿ ಅಡುಗೆ ಆಗ್ಬೇಕು ಅಂದಿದ್ದಳು.

ಕೋರ್ಟು ಬಂತು. ನ್ಯಾಯಾಧೀಶ ಕೇಳಿದ. "ಸಾರುವಿ ಕಟ್ಟತಿದ್ದ್ರಿ" ಅಂದಳು ಪರದೆಯ ಮೇಲಿನ ತಾಯಿ.

ನಕ್ಕರು. ಅಂದುಕೊಂಡದ್ದಕ್ಕಿಂತ ಜೋರಾಗಿ ನಕ್ಕರು. ಎಲ್ಲರಿಗಿಂತ ಜೋರು ಆ ಮುಂದಿನ ಸಾಲಿನ ಹೆಂಗಸು, ಅವಳ ಭುಜವೇ ಕುಣಿಯುತ್ತಿತ್ತು. ಪಕ್ಕದಲ್ಲಿ ಫುವೆನ್ಸಾಂತಾಳ ಕೈ ಹುಡುಕಿ ಹಿಡಿದುಕೊಂಡೆ.

ಪರದೆಯ ಮೇಲಿನ ತಾಯಿ ಮಾತಾಡಲಿಲ್ಲ. ಕಟಕಟೆಯ ಮರವನ್ನು ಹಿಡಿದು ನೇರ ನೋಡುತ್ತ ನಿಂತಳು. ಬೇಡುವ ನೋಟವಲ್ಲ, ಬಯ್ಯುವ ನೋಟವೂ ಅಲ್ಲ. ನಿಮ್ಮದು ಮುಗಿಯಲಿ, ನಾನು ಎಲ್ಲಿಗೂ ಹೋಗುವುದಿಲ್ಲ ಅನ್ನುವ ನೋಟ. ನಗು ತೆಳ್ಳಗಾಯಿತು. ಯಾರೋ ಕೆಮ್ಮಿದರು. ಹಿಂದೆ ಕೂತವನೊಬ್ಬ ಇನ್ನೂ ನಗುತ್ತಿದ್ದ. ಕೋಣೆಯಲ್ಲಿ ತನ್ನೊಬ್ಬನದೇ ದನಿ ಅಂತ ಗೊತ್ತಾಗಿ ಅವನೂ ನಿಲ್ಲಿಸಿದ. ಅವಳು ಇನ್ನೂ ನೋಡುತ್ತಿದ್ದಳು. ಹನ್ನೊಂದು ಸೆಕೆಂಡು ಎಷ್ಟು ಉದ್ದ ಅಂತ ನನಗೆ ಅವತ್ತು ತಿಳಿಯಿತು.

"ಎಂಟನೇ ಮಾಳಗಿ ಮ್ಯಾಲಿಂದ ಬಿದ್ದ. ಸೊಂಟಕ್ಕ ಕಟ್ಟಿಕೊಳ್ಳಾಕ ಹಗ್ಗ ಕೊಟ್ಟಿದ್ದಿಲ್ರಿ."

ಮಾತು ಅದೇ, ದನಿ ಅದೇ, ಎಳೆತವೂ ಅದೇ. ಯಾರೂ ನಗಲಿಲ್ಲ. ಎರಡನೇ ಸಲ ಅವಳು ನಿಂತಾಗ ನಗಲು ಬಾಯಿ ತೆರೆದವರೂ ಮುಚ್ಚಿದರು. ಮೂರನೇ ಸಲ ಕೋಣೆಯಲ್ಲಿ ಮೂಗು ಸೆಳೆಯುವ ಸದ್ದು ಬಿಟ್ಟು ಬೇರೇನೂ ಇರಲಿಲ್ಲ.

ದೀಪ ಹಾಕಿದರು. ಇನ್ಯಿಗೊ ಹಾಳೆಗಳಿಗೂ ಕಾಯಲಿಲ್ಲ. ಬಾಗಿಲ ಹೊರಗೆ ಹೋಗಿ ಫೋನು ತೆಗೆದು, "ಶುಕ್ರವಾರದ ಡಬ್ಬಿಂಗ್ ಬೇಡ, ಅವರಿಗೆ ಬರಬೇಡಿ ಅಂತ ಹೇಳಿ" ಅಂದದ್ದು ನಮಗೆ ಕೇಳಿಸಿತು. ನಾನು ಫುವೆನ್ಸಾಂತಾಳನ್ನು ಅಪ್ಪಿಕೊಂಡೆ. ಹೊಟ್ಟೆ ತುಂಬ ಹಾಲು ಕುಡಿದಷ್ಟು ಸಂತೋಷವಾಗಿತ್ತು.  ಗೆದ್ದೆವು ಕಣೆ ಅಂದರೆ, ಸುಮ್ಮಕಿರು ಅಂದಳು.

ಜನ ಹಾಳೆ ಕೊಟ್ಟು ಹೊರಟರು. ವಾಯೆಕಾಸ್‌ನ ಹೆಂಗಸು ಮಾತ್ರ ಕೂತ ಜಾಗದಿಂದ ಏಳಲಿಲ್ಲ. ಅವಳ ಹಾಳೆ ಖಾಲಿಯಿತ್ತು. ಇನ್ಯಿಗೊ ಒಳಗೆ ಬಂದು, "ಅಮ್ಮಾ, ಮುಗೀತು. ನಿಮಗೆ ಅಡುಗೆ ಆಗ್ಬೇಕು ಅಂದಿದ್ರಿ," ಅಂದ. ಅವಳು ಅವನ ಕಡೆ ನೋಡಲಿಲ್ಲ. ಹಿಂದಕ್ಕೆ ತಿರುಗಿ, ಗೋಡೆಯ ಹತ್ತಿರ ನಿಂತ ಫುವೆನ್ಸಾಂತಾಳನ್ನು ನೋಡಿದಳು. ಬಾಯಿ ತೆರೆದಾಗ ಬಂದದ್ದು ಬೆಳಿಗ್ಗೆಯ ಮ್ಯಾಡ್ರಿಡ್ ಮಾತಲ್ಲ.

"ನಾನೂ ಆ ಕಡಿಯಾಕಿನ ರೀ. ಹಾಯೆನ್ ಸೀಮಿ. ನಲವತ್ತು ವರ್ಷ ಆತು ಇಲ್ಲಿ ಬಂದು." ಕೈಚೀಲದ ಹಿಡಿಯನ್ನು ತಿರುಚುತ್ತಿದ್ದಳು. "ನನ್ನ ಅಳಿಯಾನೂ ಹಂಗ ಬಿದ್ದಾ ರೀ, ಸಾರುವಿ ಮ್ಯಾಲಿಂದ. ಕೋರ್ಟಿನಾಗ ಸಾಕ್ಷಿಗೆ ಕರದ್ರು. ನಾ ಕಣ್ಣಾರೆ ಕಂಡಾಕಿ, ಬುತ್ತಿ ಕೊಡಾಕ ಹೋಗಿದ್ದೆ. ನಾ ಬಾಯಿ ಬಿಡಲಿಲ್ರಿ. ನನ್ನ ಮಾತು ಕೇಳಿ ನಗತಾರ ಅಂತ. ಏನೂ ನೋಡಿಲ್ಲ ಅಂದು ಬಂದೆ."

 ಆ ಹೆಂಗಸು ಖಾಲಿ ಹಾಳೆಯನ್ನು ಮಡಚಿ, "ಇವತ್ತ ನಾನ ನಕ್ಕೆ," ಅಂದಳು.

ಫುವೆನ್ಸಾಂತಾ ಗೋಡೆ ಬಿಟ್ಟು ಬಂದಳು. ಒಂದು ಕುರ್ಚಿಯನ್ನು ಎಳೆದು ಅವಳ ಎದುರಿಗೆ, ಮೊಣಕಾಲಿಗೆ ಮೊಣಕಾಲು ತಾಗುವ ಹಾಗೆ ಹಾಕಿಕೊಂಡು ಕೂತಳು.

"ಈಗ ಹೇಳ್ರಿ," ಅಂದಳು. "ಏನು ಕಂಡ್ರಿ, ಮೊದಲಿಂದ ಹೇಳ್ರಿ. ನಮ್ಮ ಮಾತಿನಾಗ ಹೇಳ್ರಿ."

ಇನ್ಯಿಗೊ ಮೆಲ್ಲಗೆ ಬಾಗಿಲ ಕಡೆ ಹೊರಟಿದ್ದ. ಅವಳು ತಿರುಗಿ ನೋಡಲೂ ಇಲ್ಲ.

"ನೀ ಎಲ್ಲಿ ಹೊಂಟಿ, ತಮ್ಮಾ? ಕುಂದ್ರು. ಕೇಳು."

ಇನ್ಯಿಗೊ ಕೂತ.